ಅಧ್ಯಕ್ಷರು ತಾವೇ ಮಡಚಿದ ಕಾಗದ

ಹಾಸನದ ಬಸ್ ನಿಲ್ದಾಣದಿಂದ ಐದು ನಿಮಿಷ ನಡೆದರೆ ಸಿಗುತ್ತಿದ್ದ ಒಂದು ಹೋಟೆಲಿನ ಮೇಲ್ಮಹಡಿಯಲ್ಲಿ ನಮ್ಮ ಪಕ್ಷದ ಜಿಲ್ಲಾ ಕಚೇರಿ ಇತ್ತು. ‘ನಮ್ಮ ಪಕ್ಷ’ ಎಂದು ಅಭ್ಯಾಸಬಲದಿಂದ ಬರೆದೆ. ನಾನು ಅದರ ಸದಸ್ಯೆಯೂ ಅಲ್ಲ, ಅದಕ್ಕೆ ಮತ ಹಾಕಿದವಳೂ ಅಲ್ಲ. ಕನ್ನಡ ಟೈಪಿಂಗ್ ಸೀನಿಯರ್ ಪಾಸಾಗಿ, ಉದ್ಯೋಗ ವಿನಿಮಯ ಕೇಂದ್ರದಲ್ಲಿ ಹೆಸರು ಬರೆಸಿ, ಅಲ್ಲಿಂದ ಒಂದೇ ಒಂದು ಕರೆಯೂ ಬಾರದೆ ಮನೆಯಲ್ಲಿ ಕೂತಿದ್ದಾಗ ಯಾರೋ ಪುಣ್ಯಾತ್ಮರು ಅಲ್ಲಿ ಟೈಪಿಸ್ಟ್ ಬೇಕಂತೆ ಎಂದರು. ಹೋದೆ. ತೊಂಬತ್ತರ ದಶಕದ ಆರು ವರ್ಷ ಅಲ್ಲೇ ಕಳೆದೆ. ಬೆಳಗ್ಗೆ ಹೊಳೆನರಸೀಪುರದಿಂದ ಎಂಟರ ಬಸ್ಸು, ಸಂಜೆ ಹಾಸನದಿಂದ ಆರರ ಬಸ್ಸು. ಅಪ್ಪ ದೇವಸ್ಥಾನದಲ್ಲಿ ಅರ್ಚಕರು. ಮಗಳು ಪಕ್ಷದ ಕಚೇರಿಯಲ್ಲಿದ್ದಾಳೆ ಎಂದು ಯಾರಿಗೂ ಹೇಳುತ್ತಿರಲಿಲ್ಲ, ‘ಹಾಸನದಲ್ಲಿ ಆಫೀಸಿಗೆ ಹೋಗ್ತಾಳೆ’ ಎನ್ನುತ್ತಿದ್ದರು. ಸುಳ್ಳೇನೂ ಅಲ್ಲ.

ಕಚೇರಿ ಎಂದರೆ ಒಂದರ ಹಿಂದೆ ಒಂದು ಮೂರು ಕೋಣೆ. ಮುಂದಿನದು ಜಿಲ್ಲಾ ಅಧ್ಯಕ್ಷರದು. ಅರಕಲಗೂಡು ಕಡೆಯವರು, ಅರವತ್ತು ದಾಟಿದವರು, ಮಾತು ಕಡಿಮೆ. ಹಿಂದಿನದು ಪ್ರಧಾನ ಕಾರ್ಯದರ್ಶಿಯದು. ಚನ್ನರಾಯಪಟ್ಟಣದ ವಕೀಲರು, ನಲವತ್ತರ ಆಸುಪಾಸು, ಮಾತು ಜಾಸ್ತಿ. ನಡುವಿನ ಕೋಣೆಯಲ್ಲಿ ನಾನು, ಒಂದು ಬೀರು ಮತ್ತು ಒಂದು ಹಳೆಯ ಟೈಪ್‌ರೈಟರು. ಅದರಲ್ಲಿ ‘ಗ’ ಹೊಡೆದರೆ ಆ ಅಕ್ಷರ ಸಾಲು ಬಿಟ್ಟು ಅರ್ಧ ಅಂಗುಲ ಮೇಲೆ ಹಾರಿ ಕೂರುತ್ತಿತ್ತು. ರಿಪೇರಿಗೆ ಕೊಡಿ ಎಂದು ನಾನು ಹೇಳುತ್ತಲೇ ಇದ್ದೆ, ಅವರಿಬ್ಬರೂ ಆಗಲಿ ಎನ್ನುತ್ತಲೇ ಇದ್ದರು.

ರಾಜ್ಯದಲ್ಲಿ ನಮ್ಮದೇ ಸರ್ಕಾರವಿತ್ತಾದ್ದರಿಂದ ಮೆಟ್ಟಿಲ ತುಂಬ ಜನ. ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣ, ನಾಲ್ಕೂ ಕಡೆಯಿಂದ ಮೊದಲ ಬಸ್ಸಿಗೆ ಹತ್ತಿ ಬರುತ್ತಿದ್ದರು. ಬಿಎ, ಬಿಕಾಂ, ಐಟಿಐ, ಟಿಸಿಹೆಚ್. ಎಲ್ಲರ ಕಂಕುಳಲ್ಲೂ ಒಂದು ಪ್ಲಾಸ್ಟಿಕ್ ಫೈಲು, ಅದರೊಳಗೆ ಮಾರ್ಕ್ಸ್ ಕಾರ್ಡಿನ ನಕಲು. ಅವರಿಗೆ ಬೇಕಾದದ್ದು ಅಧ್ಯಕ್ಷರ ಒಂದು ಶಿಫಾರಸು ಪತ್ರ. ‘ಈ ಪತ್ರ ತರುತ್ತಿರುವವರು ನಮಗೆ ಚೆನ್ನಾಗಿ ಪರಿಚಿತರು’ ಎಂದು ಶುರುವಾಗುವ ಒಂದೇ ಒಕ್ಕಣೆಯನ್ನು ನಾನು ದಿನಕ್ಕೆ ಹತ್ತಿಪ್ಪತ್ತು ಸಲ ಹೊಡೆಯುತ್ತಿದ್ದೆ. ಪರಿಚಯವೂ ಇರುತ್ತಿರಲಿಲ್ಲ, ಚೆನ್ನಾಗಿಯೂ ಇರುತ್ತಿರಲಿಲ್ಲ. ಅಧ್ಯಕ್ಷರು ಯಾರಿಗೂ ಇಲ್ಲ ಎಂದವರಲ್ಲ. ‘ಒಂದು ಸೈನು ಆಕದ್ರಿಂದ ನನ್ ಗಂಟೇನು ಓಗ್ತದಮ್ಮಾ, ಅವ್ರು ನಗ್ತಾ ಮೆಟ್ಲಿಳೀಲಿ’ ಎನ್ನುತ್ತಿದ್ದರು. ಮೂಗಿಗೆ ತುಪ್ಪ ಸವರುವುದನ್ನು ಅವರಷ್ಟು ಪ್ರೀತಿಯಿಂದ ಮಾಡಿದವರನ್ನು ನಾನು ಕಂಡಿಲ್ಲ.

ಆದರೆ ಎಲ್ಲ ಪತ್ರವೂ ತುಪ್ಪವಲ್ಲ ಎಂದು ನನಗೆ ತಿಳಿಯಲು ಎರಡು ವರ್ಷ ಬೇಕಾಯಿತು. ಅಧ್ಯಕ್ಷರು ಸಹಿ ಮಾಡಿದ ಮೇಲೆ ಹೆಚ್ಚಿನ ಕಾಗದಗಳನ್ನು ಬಿಡಿಬಿಡಿಯಾಗಿ ನನ್ನ ಕಡೆಗೆ ತಳ್ಳುತ್ತಿದ್ದರು. ಮಡಚಿ ಕವರಿಗೆ ಹಾಕುವುದು ನನ್ನ ಕೆಲಸ. ಅಪರೂಪಕ್ಕೆ ಒಂದನ್ನು ಮಾತ್ರ ತಾವೇ ಮೂರು ಮಡಿಕೆ ಮಾಡಿ, ಮಡಿಕೆಯ ಮೇಲೆ ಹೆಬ್ಬೆರಳಿನ ಉಗುರೆಳೆದು, ಕವರಿಗಿಟ್ಟು, ಗೋಂದು ಹಚ್ಚಿ ಕೊಡುತ್ತಿದ್ದರು. ಹಾಗೆ ಅವರೇ ಮಡಚಿದ ಪತ್ರ ಪಡೆದವರು ಒಂದೆರಡು ತಿಂಗಳಲ್ಲಿ ಮೈಸೂರುಪಾಕಿನ ಡಬ್ಬಿ ಹಿಡಿದು ಬರುತ್ತಿದ್ದರು. ನಾನು ಮಡಚಿದ ಪತ್ರ ಪಡೆದವರು ಮತ್ತೊಂದು ಪತ್ರಕ್ಕೆ ಬರುತ್ತಿದ್ದರು. ಒಂದು ಸಲವೂ ಇದು ತಪ್ಪಲಿಲ್ಲ. ಈ ಗುಟ್ಟನ್ನು ನಾನು ಯಾರಿಗೂ ಹೇಳಲಿಲ್ಲ. ಹೇಳಬಾರದು ಎಂದು ಯಾರೂ ಕಟ್ಟಪ್ಪಣೆ ಮಾಡಿರಲಿಲ್ಲ. ಆ ಕಚೇರಿಯಲ್ಲಿ ನನ್ನದು ಅಂತ ಇದ್ದದ್ದು ಅದೊಂದೇ, ಅದಕ್ಕೇ ಬಚ್ಚಿಟ್ಟುಕೊಂಡೆ. ಸ್ವಲ್ಪ ಜಂಬವೂ ಇತ್ತು.

ನನಗೆ ಗೆಳತಿ ಎಂದರೆ ಒಬ್ಬಳೇ. ಶಾಂತಿಗ್ರಾಮದ ಪಕ್ಕದ ಹಳ್ಳಿಯ ಒಕ್ಕಲಿನ ಮನೆಯವಳು. ಟೈಪಿಂಗ್ ಇನ್‌ಸ್ಟಿಟ್ಯೂಟಿನಲ್ಲಿ ಪಕ್ಕದ ಮೆಷಿನ್ನಿನಲ್ಲಿ ಕೂರುತ್ತಿದ್ದಳು. ಜೂನಿಯರಿನಲ್ಲಿ ಎರಡು ಸಲ ಡುಮ್ಕಿ ಹೊಡೆದು, ‘ಈ ಕೀಲಿಗೋಳು ನನ್ ಮಾತು ಕೇಳಲ್ಲ ಕಣೇ, ಮಕ್ಳಾದ್ರೆ ಕೇಳ್ತವೆ’ ಎಂದು ಬಿಟ್ಟುಬಿಟ್ಟಳು. ಅವಳದು ಟಿಸಿಹೆಚ್, ಒಳ್ಳೆಯ ಅಂಕ. ಮೇಷ್ಟ್ರ ಕೆಲಸ ಬಿಟ್ಟು ಬೇರೆ ಯಾವುದೂ ಅವಳಿಗೆ ಬೇಕಿರಲಿಲ್ಲ. ಊರಿನ ಮಕ್ಕಳನ್ನು ಜಗುಲಿಯಲ್ಲಿ ಕೂರಿಸಿಕೊಂಡು ಬಿಟ್ಟಿ ಪಾಠ ಹೇಳುತ್ತಿದ್ದಳು. ವಾರಕ್ಕೊಮ್ಮೆ ಹಾಸನಕ್ಕೆ ಬಂದರೆ ಮಧ್ಯಾಹ್ನ ನನ್ನ ಮೇಜಿಗೆ ಬಂದು ಕೂತು, ನನ್ನ ಡಬ್ಬಿಯ ಮೊಸರನ್ನ ಅರ್ಧ ತಿಂದು, ‘ನಿಮ್ಮೋರ್ ಮೊಸ್ರನ್ನಕ್ಕೆ ಖಾರ ಅನ್ನಾದೇ ಇರಲ್ಲ’ ಎಂದು ಬೈಯುತ್ತಿದ್ದಳು. ಹೊಳೆನರಸೀಪುರಕ್ಕೆ ಬಂದಾಗ ಅಪ್ಪನ ಜೊತೆ ಗಂಟೆಗಟ್ಟಲೆ ಹರಟುತ್ತಿದ್ದಳು. ಅವಳು ಬಾರದ ವಾರ ನಾನು ಬಾಯಿ ಬಿಟ್ಟು ಮಾತಾಡಿದ್ದು ಬಸ್ ಕಂಡಕ್ಟರ್ ಜೊತೆ ಮಾತ್ರ, ಅದೂ ‘ಒಂದು ಹೊಳೆನರಸೀಪುರ’ ಎಂದು.

ಅವಳಿಗೆ ಆಗ ವಯಸ್ಸಿನ ಮಿತಿ ಹತ್ತಿರವಾಗಿತ್ತು. ಇನ್ನು ಎಂಟು ತಿಂಗಳು ಕಳೆದರೆ ಯಾವ ಶಾಲೆಯವರೂ ಅವಳನ್ನು ತೆಗೆದುಕೊಳ್ಳುವ ಹಾಗಿಲ್ಲ.

ಅದೇ ಹೊತ್ತಿಗೆ ನಮ್ಮ ಸರ್ಕಾರ ಹೊಸ ನೇಮಕಾತಿಗಳನ್ನೆಲ್ಲ ತಡೆಹಿಡಿಯಿತು. ಯಾರಾದರೂ ನಿವೃತ್ತರಾದರೆ ಆ ಕುರ್ಚಿ ಖಾಲಿಯೇ ಇರಬೇಕು, ತುಂಬಬೇಕಾದರೆ ಬೆಂಗಳೂರಿನ ಅನುಮತಿ ಬೇಕು, ಅನುದಾನಿತ ಶಾಲೆಗಳಿಗೂ ಅದೇ ನಿಯಮ. ಮೆಟ್ಟಿಲ ಮೇಲಿನ ಸಾಲು ಹೋಟೆಲಿನ ಬಾಗಿಲವರೆಗೆ ಬೆಳೆಯಿತು. ಹೋಟೆಲಿನವರು ಗಿರಾಕಿ ಯಾರು, ನಿರುದ್ಯೋಗಿ ಯಾರು ಗೊತ್ತಾಗುತ್ತಿಲ್ಲ ಎಂದು ತಕರಾರು ತೆಗೆದರು.

ಕಾರ್ಯಕಾರಿ ಸಮಿತಿಯ ಸಭೆ ಕರೆದರು. ನಡಾವಳಿ ಬರೆದುಕೊಳ್ಳಲು ನಾನು ಮೂಲೆಯಲ್ಲಿ ಕೂತಿದ್ದೆ. ಕಾರ್ಯದರ್ಶಿ ಎದ್ದು ನಿಂತು ಶುರುಮಾಡಿದರು.

‘ಮೆಟ್ಲ ಮೇಲೆ ನಿಂತವ್ರಲ್ಲ, ಅವ್ರಿಗೆ ಏನಂತ ಯೋಳಾಣ? ತಡೆ ಆಜ್ಞೆ ತೆಗೀರಿ ಅಂತ ನಾವೇ ಕೇಳ್ಬೇಕು. ಚನ್ನರಾಯಪಟ್ಣದಿಂದ ಹಾಸನ್‌ಗಂಟ ಪಾದಯಾತ್ರೆ ಮಾಡಾಣ.’

‘ನಮ್ ಸರ್ಕಾರದ ಮ್ಯಾಲೆ ನಾವೇ ಮೆರವಣಿಗೆ ಓಗದಾ?’ ಎಂದರು ಅಧ್ಯಕ್ಷರು. ‘ನಮ್ಮನೆ ಸೂರಿಗೆ ನಾವೇ ಕೊಳ್ಳಿ ಇಕ್ಕಂಡಂಗೆ.’

‘ಸೂರು ಆಗ್ಲೇ ಸೋರ್ತಾ ಅದೆ ಸಾ.’

‘ಸೋರಿದ್ರೆ ಒಳಗ್ ಕುಂತು ಎಂಚು ಸರಿ ಮಾಡ್ಬೇಕು, ಬೀದೀಲ್ ನಿಂತ್ಕಂಡು ಕಿರುಚಾದಲ್ಲ.’

ಅಲ್ಲಿಂದ ಪಕ್ಷ ಎರಡಾಯಿತು. ಎತ್ತು ಏರಿಗೆಳೆದರೆ ಕೋಣ ನೀರಿಗೆಳೆಯಿತು. ಯಾರು ಯಾವ ಕಡೆ ಹೋದರು ಎಂದು ಮೂಲೆಯಲ್ಲಿ ಕೂತು ನೋಡಿದವಳಿಗೆ ಒಂದು ವಿಚಿತ್ರ ಕಂಡಿತು. ಮನೆಯಲ್ಲಿ ಕೆಲಸವಿಲ್ಲದ ಮಗನೋ ಮಗಳೋ ಇದ್ದವರೆಲ್ಲ ಅಧ್ಯಕ್ಷರ ಕಡೆಗೆ ಹೋದರು, ಪತ್ರ ಕೊಡುವ ಕೈ ಅವರದಲ್ಲವೇ. ನಿರುದ್ಯೋಗದ ವಿರುದ್ಧ ಎದೆ ತಟ್ಟಿ ಮಾತಾಡುವ ಧೈರ್ಯ ಬಂದದ್ದು ಮಕ್ಕಳಿಗೆ ಆಗಲೇ ಕೆಲಸ ಸಿಕ್ಕಿದವರಿಗೆ. ಕಾರ್ಯದರ್ಶಿಯ ಮಾತಿನಲ್ಲಿ ನಿಜವಿರಲಿಲ್ಲ ಎನ್ನಲಾರೆ, ಇತ್ತು. ಅವರಿಗೆ ಸಿಗಬೇಕಾಗಿದ್ದ ನಿಗಮದ ಅಧ್ಯಕ್ಷಗಿರಿ ಕೈತಪ್ಪಿದ ನೋವೂ ಅದರಲ್ಲಿ ಬೆರೆತಿತ್ತು. ಯಾವುದು ಎಷ್ಟು ಎಂದು ಅವರಿಗೂ ಗೊತ್ತಿರಲಿಕ್ಕಿಲ್ಲ.

ಕೆಳಗಿನ ಹೋಟೆಲಿನಿಂದ ಬರುತ್ತಿದ್ದ ಕಾಫಿ ಫ್ಲಾಸ್ಕು ಒಂದಿದ್ದದ್ದು ಎರಡಾಯಿತು. ಮುಂದಿನ ಕೋಣೆಯವರು ಹಿಂದಿನ ಕೋಣೆಯ ಕಾಫಿ ಮುಟ್ಟುತ್ತಿರಲಿಲ್ಲ. ಪೇಪರುಗಳಿಗೆ ಎರಡೂ ಕಡೆಯಿಂದ ಹೇಳಿಕೆ ಹೋಗತೊಡಗಿತು, ಟೈಪ್‌ರೈಟರು ಮಾತ್ರ ಒಂದೇ. ಬೆಳಗ್ಗೆ ‘ನಿರುದ್ಯೋಗದ ಬಗ್ಗೆ ಕೆಲವರ ಅಪಪ್ರಚಾರ’ ಎಂದು ಹೊಡೆದ ಬೆರಳಿನಲ್ಲೇ ಮಧ್ಯಾಹ್ನ ‘ನಿರುದ್ಯೋಗದ ಬಗ್ಗೆ ಕೆಲವರ ಮೌನ’ ಎಂದು ಹೊಡೆಯುತ್ತಿದ್ದೆ. ಎರಡರಲ್ಲೂ ‘ಗ’ ಮೇಲೆ ಹಾರಿರುತ್ತಿತ್ತು. ಒಬ್ಬ ಪತ್ರಕರ್ತರು ಮೆಟ್ಟಿಲಲ್ಲಿ ನನ್ನನ್ನು ಕಂಡು, ‘ಏನ್ ಮೇಡಂ, ನಿಮ್ ಪಕ್ಷದಲ್ಲಿ ಒಗ್ಗಟ್ಟಾಗಿರೋದು ಈ ಗ ಒಂದೇನಾ?’ ಎಂದು ನಕ್ಕರು. ನಾನೂ ನಕ್ಕೆ. ಆ ತಿಂಗಳಲ್ಲಿ ನಕ್ಕದ್ದು ಅದೊಂದೇ ಸಲ ಇರಬೇಕು.

ಏಕೆಂದರೆ ನನ್ನ ಮೇಲೆ ಇಬ್ಬರಿಗೂ ಅನುಮಾನ. ನಾನು ಕಾಗದ ಹಿಡಿದು ಒಳಗೆ ಹೋದರೆ ಮುಂದಿನ ಕೋಣೆಯಲ್ಲಿ ಮಾತು ನಿಲ್ಲುತ್ತಿತ್ತು. ಹಿಂದಿನ ಕೋಣೆಯಲ್ಲೂ ನಿಲ್ಲುತ್ತಿತ್ತು. ಹಿಂದೆ ‘ಊಟ ಆಯ್ತಾಮ್ಮ’ ಎಂದು ಕೇಳುತ್ತಿದ್ದವರು ಕೇಳುವುದನ್ನು ಬಿಟ್ಟರು. ಆ ನಡುಮನೆಯಲ್ಲಿ ಇಡೀ ದಿನ ಕೂತು, ಎರಡೂ ಕಡೆ ಬಾಗಿಲು ಮುಚ್ಚಿರುವುದನ್ನು ನೋಡುತ್ತಾ, ಇಷ್ಟು ಜನರ ನಡುವೆ ನನಗೆ ಯಾರೂ ಇಲ್ಲವಲ್ಲ ಎಂದು ಅನ್ನಿಸಿ ಅಳು ಬರುತ್ತಿತ್ತು. ಮನೆಗೆ ಹೋಗಿ ಹೇಳುವ ಹಾಗೂ ಇಲ್ಲ. ಹೇಳಿದರೆ ಅಪ್ಪ ಬಿಟ್ಟುಬಿಡು ಎನ್ನುತ್ತಿದ್ದರು, ಬಿಟ್ಟು ನಾನೂ ಮೆಟ್ಟಿಲ ಮೇಲಿನ ಸಾಲಿನಲ್ಲಿ ನಿಲ್ಲಬೇಕಾಗುತ್ತಿತ್ತು.

ಪಾದಯಾತ್ರೆ ನಡೆಸಲು ಕಾರ್ಯದರ್ಶಿ ತೀರ್ಮಾನಿಸಿಯೇಬಿಟ್ಟರು. ಚನ್ನರಾಯಪಟ್ಟಣದಿಂದ ಹೊರಟು, ಶಾಂತಿಗ್ರಾಮದಲ್ಲಿ ಸಭೆ ಮಾಡಿ, ಮರುದಿನ ಹಾಸನ. ಶಾಂತಿಗ್ರಾಮದ ಸಭೆಯಲ್ಲಿ ಸರ್ಕಾರಕ್ಕೆ ಕೊಡುವ ಮನವಿಯನ್ನು ಒಬ್ಬ ನಿಜವಾದ ನಿರುದ್ಯೋಗಿ ಓದಬೇಕು, ಆಗಲೇ ಅದಕ್ಕೆ ತೂಕ. ಅವರ ಕಣ್ಣು ಬಿದ್ದದ್ದು ನನ್ನ ಗೆಳತಿಯ ಮೇಲೆ. ಅದೇ ಕಡೆಯವಳು, ಮಾತು ಬಲ್ಲವಳು, ಅವಳು ಹೊರಟರೆ ಸುತ್ತಿನ ಹಳ್ಳಿಗಳ ಓದಿದ ಹೆಣ್ಣುಮಕ್ಕಳೆಲ್ಲ ಹೊರಡುತ್ತಾರೆ. ಇವಳಿಗಂತೂ ಖುಷಿಯೋ ಖುಷಿ. ‘ಪತ್ರ ಇಡ್ಕಂಡು ಹಲ್ಲು ಗಿಂಜಿ ಗಿಂಜಿ ಸಾಕಾಯ್ತು. ಒಂದ್ ಸಲ ಗಂಟ್ಲು ಬಿಟ್ಟು ಕೇಳ್ಬುಡ್ತೀನಿ’ ಎಂದು ನನ್ನ ಮೇಜಿನ ಮೇಲೆ ಗುದ್ದಿ ಹೇಳಿದಳು. ಆ ಮನವಿಯನ್ನು ಟೈಪು ಮಾಡಿದವಳೂ ನಾನೇ.

ಅದಾದ ಮೂರನೆಯ ದಿನ ಅಧ್ಯಕ್ಷರು ನನ್ನನ್ನು ಕರೆದರು. ಕೋಣೆಯಲ್ಲಿ ಬೇರೆ ಯಾರೂ ಇರಲಿಲ್ಲ.

‘ಆ ಶಾಂತಿಗ್ರಾಮದ್ ಉಡುಗಿ ನಿನ್ ಸ್ನೇಹಿತೆ ತಾನೆ?’

ಹೌದು ಎಂದೆ.

‘ಬುದ್ವಂತೆ ಕಣಮ್ಮ. ಅರಕಲಗೂಡ್ ತಾವ ಒಂದು ಅನುದಾನಿತ ಶಾಲೇಲಿ ಮೇಷ್ಟ್ರೊಬ್ರು ರಿಟೈರಾದ್ರು. ಬೆಂಗ್ಳೂರ್ ಪರ್ಮಿಷನ್ನು ನಾನು ತರುಸ್ತೀನಿ. ಒಂದು ಕಾಗ್ದ ಒಡೀ.’

ಪಾದಯಾತ್ರೆಯ ಮಾತನ್ನು ಅವರು ಎತ್ತಲಿಲ್ಲ. ಎತ್ತುವ ಅಗತ್ಯವೂ ಇರಲಿಲ್ಲ, ಅಷ್ಟು ನನಗೆ ಅರ್ಥವಾಗುತ್ತಿತ್ತು. ಸರ್ಕಾರದ ವಿರುದ್ಧ ಮೈಕಿನಲ್ಲಿ ಓದಿದವಳಿಗೆ ಸರ್ಕಾರದ ಅನುಮತಿ ಯಾರು ತಂದುಕೊಡುತ್ತಾರೆ? ಆ ಪತ್ರವನ್ನು ನಾನು ಮಾಮೂಲು ಒಕ್ಕಣೆಯಲ್ಲಿ ಹೊಡೆಯಲಿಲ್ಲ. ಅವಳ ಅಂಕ, ಜಗುಲಿಯ ಪಾಠ, ಎಲ್ಲ ಸೇರಿಸಿದೆ. ಅಧ್ಯಕ್ಷರು ಓದಿ, ಸಹಿ ಮಾಡಿದರು. ನಾನು ಕೈ ಚಾಚಿದೆ. ಅವರು ಕೊಡಲಿಲ್ಲ. ನಿಧಾನವಾಗಿ ಮೂರು ಮಡಿಕೆ ಮಾಡಿದರು, ಉಗುರೆಳೆದರು, ಕವರಿಗಿಟ್ಟರು, ಗೋಂದು ಹಚ್ಚಿದರು. ಬಚ್ಚಿಟ್ಟುಕೊಂಡ ಗುಟ್ಟು ಕೊನೆಗೂ ಉಪಯೋಗಕ್ಕೆ ಬಂತಲ್ಲ ಎಂದು ಹಿಗ್ಗಿದೆ.

ಅವತ್ತು ಅವಳು ಹಾಸನಕ್ಕೆ ಬಂದಿದ್ದಳು, ಸಂಜೆಯೇ ಪತ್ರ ಕೈಗಿಟ್ಟೆ. ಬಸ್ ನಿಲ್ದಾಣದ ಕಲ್ಲುಬೆಂಚಿನ ಮೇಲೆ ಕೂತು ಕವರನ್ನು ತಿರುಗಿಸಿ ತಿರುಗಿಸಿ ನೋಡಿದಳು.

‘ಇಂಥವು ನನ್ ತಾವ ನಾಕವೆ ಕಣೇ.’

‘ಇದು ಅಂಥದ್ದಲ್ಲ.’

‘ನಡೀಬ್ಯಾಡ ಅಂತೀಯಾ?’

‘ನಡೀಬೇಡ.’

‘ಆ ವಕೀಲ್ರಿಗೆ ಮಾತು ಕೊಟ್ಟಿವ್ನಿ. ಊರ್ ಹೆಣ್ಮಕ್ಳಿಗೆ ಯೋಳಿವ್ನಿ. ಈಗ ಇಲ್ಲ ಅಂದ್ರೆ ಮಕಕ್ಕೆ ಉಗೀತಾರೆ. ನಿಂಗೆ ಗಟ್ಟಿಯಾಗಿ ಗೊತ್ತಾ?’

‘ನಂಗೆ ಗೊತ್ತು.’

‘ಎಂಗೆ ಗೊತ್ತು?’

ಅಲ್ಲಿ ನಾನು ಹೇಳಬಹುದಾಗಿತ್ತು. ಅವರು ತಾವೇ ಮಡಚಿದರು ಕಣೇ, ತಾವೇ ಮಡಚಿದ್ದು ಒಂದೂ ಸುಳ್ಳಾಗಿಲ್ಲ, ಅಷ್ಟೇ ಮಾತು. ಹೇಳಲಿಲ್ಲ. ಹೇಳಿದರೆ ಅದು ಎಷ್ಟು ಸಣ್ಣದಾಗಿ ಕೇಳಿಸುತ್ತದೆ ಎಂದು ಒಳಗೆಲ್ಲೋ ಗೊತ್ತಿತ್ತೋ, ಇಲ್ಲ ದೊಡ್ಡವರ ಒಳಗುಟ್ಟು ಬಲ್ಲವಳು ಎಂದು ಮೆರೆಯುವ ಆಸೆಯೋ. ‘ಅದೆಲ್ಲ ಕೇಳಬೇಡ, ಆಫೀಸಿನ ವಿಷಯ. ನನ್ನ ಮೇಲೆ ನಂಬಿಕೆ ಇದೆ ತಾನೆ?’ ಎಂದೆ.

‘ನಿನ್ ಬುಟ್ಟು ಇನ್ಯಾರನ್ನ ನಂಬನೇ’ ಎಂದು ಅವಳು ಕವರನ್ನು ಫೈಲಿನೊಳಗೆ ಇಟ್ಟುಕೊಂಡಳು.

ಪಾದಯಾತ್ರೆಗೆ ನಾಲ್ಕು ನೂರು ಜನ ಎಂದುಕೊಂಡಿದ್ದರು, ಶಾಂತಿಗ್ರಾಮ ಮುಟ್ಟುವ ಹೊತ್ತಿಗೆ ನಲವತ್ತು ಜನವೂ ಇರಲಿಲ್ಲವಂತೆ. ಅವಳು ಬರಲಿಲ್ಲ ಎಂದು ಹೆಣ್ಣುಮಕ್ಕಳು ಯಾರೂ ಬರಲಿಲ್ಲ. ಮನವಿಯನ್ನು ಕಾರ್ಯದರ್ಶಿಯೇ ಓದಿದರು. ಕೋರ್ಟಿನಲ್ಲಿ ಒಳ್ಳೆಯ ಪ್ರಾಕ್ಟೀಸು ಇದ್ದ ವಕೀಲರು ನಿಂತು ‘ನಾವು ಕೆಲಸವಿಲ್ಲದವರು’ ಎಂದು ಓದಿದರೆ ಯಾರು ತಾನೆ ನಗುವುದಿಲ್ಲ. ಪೇಪರಿನವರೂ ನಕ್ಕರು. ಅವಳ ಊರಿನಲ್ಲಿ ಮಾತ್ರ ಯಾರೂ ನಗಲಿಲ್ಲ. ಒಂದು ಪತ್ರಕ್ಕೆ ಮಾರಿಕೊಂಡಳು ಎಂದರು. ಜಗುಲಿಗೆ ಬರುತ್ತಿದ್ದ ಮಕ್ಕಳನ್ನೂ ಕೆಲವರು ಕಳಿಸುವುದು ಬಿಟ್ಟರು ಎಂದು ಅವಳೇ ಹೇಳಿದಳು. ‘ಓಗ್ಲಿ ಬುಡು, ಆರ್ಡರ್ ಕೈಗೆ ಬಂದ್ರೆ ಅವ್ರೇ ಬಾಯ್ ಮುಚ್ಕತಾರೆ’ ಎಂದೂ ಹೇಳಿದಳು.

ಆಮೇಲಿನದು ಬೇಗ ನಡೆಯಿತು. ಬೆಂಗಳೂರಿನಿಂದ ಹಿರಿಯರು ಇಬ್ಬರು ಬಂದು ರಾಜಿ ಮಾಡಿಸಿದರು. ಕಾರ್ಯದರ್ಶಿಗೆ ಯಾವುದೋ ಒಂದು ನಿಗಮ ಸಿಕ್ಕಿತು. ಅಧ್ಯಕ್ಷರೂ ಕಾರ್ಯದರ್ಶಿಯೂ ಒಂದೇ ದೊಡ್ಡ ಹಾರದೊಳಗೆ ತಲೆ ತೂರಿಸಿ ಫೋಟೋ ತೆಗೆಸಿಕೊಂಡರು. ಕಾಫಿ ಫ್ಲಾಸ್ಕು ಮತ್ತೆ ಒಂದಾಯಿತು. ಜಿಲ್ಲೆಯ ನಿರುದ್ಯೋಗ ಸಮಸ್ಯೆ ಒಬ್ಬರ ಮಟ್ಟಿಗಾದರೂ ಪರಿಹಾರವಾಯಿತು ಎಂದು ನಾನು ಬೀರುವಿಗೆ ಹೇಳಿದೆ, ಕೇಳಲು ಬೇರೆ ಯಾರಿದ್ದರು. ತಡೆ ಆಜ್ಞೆ ಹಾಗೆಯೇ ಇತ್ತು. ಅದರ ಬಗ್ಗೆ ಒಂದು ಸಾಲಿನ ಹೇಳಿಕೆಯೂ ನನ್ನ ಟೈಪ್‌ರೈಟರಿಗೆ ಬರಲಿಲ್ಲ.

ಅವಳು ಅರಕಲಗೂಡಿಗೆ ಹೋಗಿ ಬರುತ್ತಲೇ ಇದ್ದಳು. ಶಾಲೆಯವರು ಮೊದಲ ಸಲ ಕಾಫಿ ಕೊಟ್ಟರು. ಎರಡನೆಯ ಸಲ ಅನುಮತಿ ಬರಲಿ ಎಂದರು. ಆಮೇಲೆ ಗೇಟಿನ ಹತ್ತಿರವೇ ಮಾತಾಡಿ ಕಳಿಸಿದರು. ಪ್ರತಿ ಸಲವೂ ಅಲ್ಲಿಂದ ಹಾಸನಕ್ಕೆ ಬಂದು ನನ್ನ ಮುಂದೆ ಕೂರುತ್ತಿದ್ದಳು. ನಾನು ಬರುತ್ತೆ ಎನ್ನುತ್ತಿದ್ದೆ. ನನಗೆ ನಂಬಿಕೆ ಇತ್ತು, ಅದು ಸುಳ್ಳಲ್ಲ. ಡಬ್ಬಿಯ ಮೊಸರನ್ನವನ್ನು ಮಾತ್ರ ಅವಳು ತಿನ್ನುತ್ತಿರಲಿಲ್ಲ, ಹಸಿವಿಲ್ಲ ಎನ್ನುತ್ತಿದ್ದಳು. ಅವಳಿಗೆ ಉಳಿದಿದ್ದ ತಿಂಗಳುಗಳು ಹಾಗೇ ಮುಗಿದವು. ವಯಸ್ಸಿನ ಮಿತಿ ದಾಟಿದ ದಿನ ಅವಳು ಬರಲಿಲ್ಲ, ಮರುವಾರವೂ ಬರಲಿಲ್ಲ.

ನಾನು ಅಧ್ಯಕ್ಷರ ಕೋಣೆಗೆ ಹೋಗಿ ನಿಂತೆ. ಆರು ವರ್ಷದಲ್ಲಿ ಕೈಯಲ್ಲಿ ಕಾಗದವಿಲ್ಲದೆ, ಅವರು ಕರೆಯದೆ, ನಾನಾಗಿ ಒಳಗೆ ಹೋದದ್ದು ಅದೊಂದೇ ಸಲ.

‘ಆ ಪತ್ರ ನೀವೇ ಮಡಚಿದ್ರಿ’ ಎಂದೆ. ಬೇರೆ ಏನು ಕೇಳಬೇಕೆಂದು ತೋಚಲಿಲ್ಲ.

ಅವರು ಕನ್ನಡಕ ತೆಗೆದು ನನ್ನನ್ನು ನೋಡಿದರು. ಸಿಟ್ಟಿರಲಿಲ್ಲ. ಮನೆಯ ಮಗಳಿಗೆ ಲೆಕ್ಕ ಹೇಳಿಕೊಡುವವರಂತೆ ಮಾತಾಡಿದರು.

‘ಅದಕ್ಕೇ ಮಡಚಿದ್ದು ಕಣಮ್ಮ. ನೀನು ನನ್ ಕೈಯನ್ನೇ ನೋಡ್ತಾ ಕೂತ್ಕತಿದ್ದೆ, ನಂಗೆ ಕಾಣಲ್ವಾ? ನಾನ್ ಬಾಯಲ್ ಯೋಳಿದ್ರೆ ಆ ಉಡುಗಿ ನಂಬ್ತಿರ್ಲಿಲ್ಲ. ನೀನ್ ಯೋಳಿದ್ರೆ ನಂಬ್ತಾಳೆ. ನಿಂಗೆ ನಂಬ್ಕೆ ಬರಾದು ಮುಖ್ಯ ಆಗಿತ್ತು.’ ಕನ್ನಡಕ ಮತ್ತೆ ಹಾಕಿಕೊಂಡು, ‘ಪರ್ಮಿಷನ್ನು ನಾನು ಕೇಳ್ದೆ. ಅವ್ರು ಕೊಡ್ಲಿಲ್ಲ. ನನ್ ಮಾತೂ ಈಗ ಅಷ್ಟೇ ನಡೆಯಾದು’ ಎಂದರು. ಆ ಕೊನೆಯ ಮಾತು ನಿಜವೋ, ಅದೂ ನನಗಾಗಿ ಮಡಚಿದ್ದೋ, ಇವತ್ತಿಗೂ ತಿಳಿಯದು.

ಆಮೇಲೆ ಅವರು ಇನ್ನೊಂದು ಪತ್ರ ಹೊಡೆಯಲು ಹೇಳಿದರು. ಹೊಳೆನರಸೀಪುರದ ಒಂದು ಸಹಕಾರ ಸಂಘದಲ್ಲಿ ಗುಮಾಸ್ತೆಯ ಕೆಲಸ, ಸರ್ಕಾರದ ತಡೆ ಅದಕ್ಕೆ ತಾಗುತ್ತಿರಲಿಲ್ಲ. ಹೆಸರು ನನ್ನದೇ. ‘ಬಸ್ಸಲ್ಲಿ ಓಡಾಡಿ ಸಾಕಾಗಿರ್ತದೆ ನಿಂಗೂ’ ಎಂದರು. ನಾನು ಬೇಡ ಎನ್ನಬಹುದಾಗಿತ್ತು. ಕೂತು ಟೈಪು ಮಾಡಿದೆ. ಒಂದೂ ತಪ್ಪಿಲ್ಲದೆ ಮಾಡಿದೆ. ಮುಂದಿನ ತಿಂಗಳು ಹೋಗಿ ಕೆಲಸಕ್ಕೆ ಸೇರಿಕೊಂಡೆ. ಅಪ್ಪ ದೇವರಿಗೆ ವಿಶೇಷ ಅಭಿಷೇಕ ಮಾಡಿದರು.

ಇದಕ್ಕೆ ಊರು ಏನನ್ನುತ್ತದೆ ಎಂದು ಹೇಳಬೇಕಾಗಿಲ್ಲ. ಗೆಳತಿಯನ್ನು ತಡೆದುದಕ್ಕೆ ಸಿಕ್ಕ ಬಹುಮಾನ, ಅಷ್ಟೇ. ನಾನೇ ಪಕ್ಕದಲ್ಲಿ ನಿಂತು ನೋಡಿದ್ದರೂ ಹಾಗೇ ಅನ್ನುತ್ತಿದ್ದೆ. ಅವಳು ಒಂದು ಸಲ ಸಂಘದ ಬಾಗಿಲಿಗೆ ಬಂದಿದ್ದಳು. ಒಳಗೆ ಬಾ ಎಂದೆ. ಬರಲಿಲ್ಲ. ನನ್ನ ಮೇಜು, ಕುರ್ಚಿ, ಹಿಂದಿನ ಗೋಡೆಯ ಕ್ಯಾಲೆಂಡರು ಎಲ್ಲ ನೋಡಿದಳು. ‘ಒಳ್ಳೇದಾಗ್ಲಿ’ ಎಂದು ಹೇಳಿ ಹೋದಳು. ವ್ಯಂಗ್ಯವಿರಲಿಲ್ಲ, ಅದೇ ನನಗೆ ತಡೆಯಲಾಗದೆ ಹೋಯಿತು. ಎರಡು ಕಾಗದ ಬರೆದೆ, ಉತ್ತರ ಬರಲಿಲ್ಲ. ಮೂರನೆಯದು ಬರೆಯಲಿಲ್ಲ. ಮದುವೆಯ ಮಾತುಗಳು ಬಂದು ಹೋದವು, ನಾನೂ ಹೂಂ ಅನ್ನಲಿಲ್ಲ, ಆಮೇಲೆ ಬರುವುದೇ ನಿಂತಿತು. ಸಂಘದಲ್ಲಿ ಎಲ್ಲರೂ ಒಳ್ಳೆಯವರೇ. ಆದರೂ ಮಧ್ಯಾಹ್ನ ಡಬ್ಬಿ ತೆರೆದಾಗ ಎದುರಿನ ಕುರ್ಚಿ ಖಾಲಿ ಇರುತ್ತಿತ್ತು, ಯಾರನ್ನೂ ಅಲ್ಲಿ ಕೂರಿಸಿಕೊಳ್ಳಬೇಕು ಎನ್ನಿಸಲಿಲ್ಲ.

ಎರಡು ಸಾವಿರದ ಐದೋ ಆರೋ ಇರಬೇಕು. ಚನ್ನರಾಯಪಟ್ಟಣದಲ್ಲಿ ಸಹಕಾರ ಸಂಘದವರಿಗೆ ಕಂಪ್ಯೂಟರ್ ತರಬೇತಿ ಇತ್ತು. ಮುಗಿಸಿಕೊಂಡು ಹಾಸನದ ಬಸ್ಸು ಹತ್ತಿದೆ. ಶ್ರವಣಬೆಳಗೊಳದಿಂದ ಬಂದ ಯಾತ್ರಿಕರಿಂದ ಬಸ್ಸು ತುಂಬಿತ್ತು. ಬಸ್ಸು ಹೊರಡುವ ಮುನ್ನ ಒಬ್ಬ ಹೆಂಗಸು ಹತ್ತಿದಳು, ನನ್ನ ಪಕ್ಕದ ಜಾಗ ಬಿಟ್ಟರೆ ಬೇರೆ ಜಾಗವಿರಲಿಲ್ಲ. ಕೂತ ಮೇಲೆ ಇಬ್ಬರಿಗೂ ಗುರುತು ಸಿಕ್ಕಿತು. ಎದ್ದು ಹೋಗುತ್ತಾಳೆ ಎಂದುಕೊಂಡೆ. ಎದ್ದು ಹೋಗಲಿಲ್ಲ.

ಊರಿನ ಹಾಲಿನ ಡೇರಿಯಲ್ಲಿ ಕೆಲಸಕ್ಕಿದ್ದೇನೆ ಎಂದಳು. ಬೆಳಗ್ಗೆ ಸಂಜೆ ಹಾಲಿನ ಫ್ಯಾಟ್ ನೋಡಿ ಬರೆದುಕೊಳ್ಳುವ ಕೆಲಸ. ಮದುವೆಯಾಗಿದೆ, ಒಬ್ಬ ಮಗಳು. ಜಗುಲಿಯ ಪಾಠ ಬಿಟ್ಟು ಬಹಳ ಕಾಲವಾಯಿತು ಎಂದಳು. ನಾನು ಕಂಪ್ಯೂಟರ್ ತರಬೇತಿಯ ಕತೆ ಹೇಳಿದೆ.

‘ಒಂದ್ ಮಾತು ಕೇಳನಾ’ ಎಂದಳು. ‘ಅವತ್ತು ಅಷ್ಟು ಗಟ್ಟಿಯಾಗಿ ನಂಗೆ ಗೊತ್ತು ಅಂದ್ಯಲ್ಲಾ. ಏನ್ ಗೊತ್ತಿತ್ತು ನಿಂಗೆ?’

ಹೇಳಿದೆ. ಬಿಡಿ ಕಾಗದ, ಮಡಚಿದ ಕಾಗದ, ಉಗುರು, ಗೋಂದು, ಮೈಸೂರುಪಾಕು, ಕೊನೆಗೆ ಅಧ್ಯಕ್ಷರು ಕನ್ನಡಕ ತೆಗೆದು ಹೇಳಿದ ಮಾತು. ಇಷ್ಟು ವರ್ಷದಲ್ಲಿ ಇದನ್ನು ಮೊದಲ ಸಲ ಬಾಯಿ ಬಿಟ್ಟು ಹೇಳಿದ್ದು. ನಾನು ಮಾರಿಕೊಳ್ಳಲಿಲ್ಲ, ಮೋಸಹೋದೆ, ಅಷ್ಟು ಅವಳಿಗೆ ತಿಳಿದರೆ ಸಾಕು ಎಂದುಕೊಂಡಿದ್ದೆ.

ಅವಳು ನಕ್ಕಳು. ಮುಂದಿನ ಸೀಟಿನವರು ತಿರುಗಿ ನೋಡುವಷ್ಟು ಜೋರಾಗಿ, ಹಳೆಯ ನಗುವನ್ನೇ ನಕ್ಕಳು.

‘ಇಷ್ಟೇನಾ? ಕಾಗ್ದ ಮಡಚಿದ್ದು?’

‘ಇಷ್ಟೇ.’

‘ಅಯ್ಯೋ ಮಳ್ಳಿ. ಇಷ್ಟೇ ಅಂತ ಅವತ್ತು ಯೋಳಿದ್ರೆ ನಾನು ಪಾದಯಾತ್ರೇಲಿ ನಡೆದ್ಬುಡ್ತಿದ್ದೆ ಕಣೇ.’

ನಗು ನಿಂತ ಮೇಲೆ ಅವಳು ಸೆರಗಿನಿಂದ ಕಣ್ಣು ಒರೆಸಿಕೊಂಡಳು. ನಾನು ಕಿಟಕಿಯ ಕಡೆ ತಿರುಗಿದೆ. ಮೋಸ ಮಾಡಿದವರು ಅಧ್ಯಕ್ಷರು ಎಂದು ಇಷ್ಟು ವರ್ಷ ಹಿಡಿದುಕೊಂಡು ಬಂದಿದ್ದ ಸಮಾಧಾನ ಅಲ್ಲೇ ಕೈಬಿಟ್ಟುಹೋಯಿತು. ಅವಳು ಕೇಳಿದ್ದಳು, ಎಂಗೆ ಗೊತ್ತು ಎಂದು. ಬಾಯಿ ಮುಚ್ಚಿಕೊಂಡವಳು ನಾನು.

ಶಾಂತಿಗ್ರಾಮ ಬಂತು. ಇಳಿಯಲು ಎದ್ದವಳು, ಏನೋ ನೆನಪಾಗಿ ಕಂಬಿ ಹಿಡಿದು ನಿಂತು, ‘ನಿಮ್ಮಪ್ಪಾರು ಎಂಗವ್ರೆ?’ ಎಂದು ಕೇಳಿದಳು.

‘ಅಪ್ಪ ಹೋಗಿ ನಾಲ್ಕು ವರ್ಷ ಆಯ್ತು’ ಎಂದೆ.

ಕಂಡಕ್ಟರು ಇಳೀರಿ ಬೇಗ ಎಂದು ಕೂಗುತ್ತಿದ್ದರು. ಅವಳು ಅಲುಗದೆ ನನ್ನನ್ನೇ ನೋಡಿದಳು.

‘ಅದ್ನೂ ಯೋಳ್ಳೇ ಇಲ್ವಲ್ಲೇ ನೀನು’ ಎಂದು ಇಳಿದು ಹೋದಳು.